ಹಿಂಬದಿ ಕುಸಿದ ಶಾಲಾ ವ್ಯಾನು: ಪಾಟಾ, ಬುಶ್, ಶಾಕ್ ಅಬ್ಸಾರ್ಬರ್‌ಗಳ ದೋಷವನ್ನು ಗುರುತಿಸುವ ಮತ್ತು ಸರಿಪಡಿಸುವ ಬಗೆ

ಗಡಿಯಂಚಿನ ಹಳ್ಳಿಗಳಿಂದ ಕನ್ನಡ ಶಾಲೆಗೆ ಮಕ್ಕಳನ್ನು ಕರೆತರುವ ವ್ಯಾನು ಒಂದು ದಿನ ನಿಂತರೆ ಏನಾಗುತ್ತದೆ ಎಂಬುದನ್ನು ನಾವು ಹಾಜರಿ ಪುಸ್ತಕದಲ್ಲಿ ಕಂಡಿದ್ದೇವೆ. ಮೊದಲ ದಿನ ನಾಲ್ಕು ಮಕ್ಕಳು ಗೈರು. ಎರಡನೆಯ ದಿನ ಆರು. ಮೂರನೆಯ ದಿನ ಒಬ್ಬ ತಂದೆ ಫೋನು ಮಾಡಿ, ಮನೆಯ ಬಳಿಯಲ್ಲೇ ಇರುವ ಬೇರೆ ಮಾಧ್ಯಮದ ಶಾಲೆಯಲ್ಲಿ ಪ್ರವೇಶ ಸಿಗಬಹುದೇ ಎಂದು ನಮ್ಮನ್ನೇ ಸಲಹೆ ಕೇಳುತ್ತಾರೆ. ಭಾಷಿಕ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯ ಶಿಕ್ಷಣಕ್ಕೆ ಸೌಕರ್ಯ ಒದಗಿಸಬೇಕೆಂದು ಸಂವಿಧಾನದ 350-ಎ ವಿಧಿ 1956ರಿಂದಲೂ ಹೇಳುತ್ತಿದೆ. ಆದರೆ ಆ ಸೌಕರ್ಯ ಮಗುವಿನ ಮನೆಯಿಂದ ಹತ್ತಾರು ಕಿಲೋಮೀಟರ್ ದೂರವಿದ್ದಾಗ, ಅದನ್ನು ತಲುಪಿಸುವುದು ನಾಲ್ಕು ಚಕ್ರಗಳ ಒಂದು ಹಳೆಯ ವಾಹನ. ಆದ್ದರಿಂದ ಈ ಬಾರಿ ನಾವು ಪಠ್ಯಪುಸ್ತಕ, ಶಿಕ್ಷಕರ ನೇಮಕಾತಿಗಳ ಪ್ರಶ್ನೆಯನ್ನು ಬದಿಗಿರಿಸಿ ಆ ವಾಹನದ ಹಿಂಬದಿಯ ಸಸ್ಪೆನ್ಶನ್ ಕುರಿತು ಬರೆಯುತ್ತಿದ್ದೇವೆ.

ಒಂದು ವ್ಯಾನು, ಒಂದು ತಪ್ಪು ದುರಸ್ತಿ

ನಮ್ಮ ಮಕ್ಕಳನ್ನು ತರುವುದು ಹದಿಮೂರು ವರ್ಷ ಹಳೆಯ ಮಾರುತಿ ಓಮ್ನಿ. 1984ರಲ್ಲಿ ಮಾರುತಿ ವ್ಯಾನ್ ಎಂಬ ಹೆಸರಿನಿಂದ ರಸ್ತೆಗಿಳಿದು, ಮುಂದೆ ಓಮ್ನಿ ಎನಿಸಿಕೊಂಡು, 2019ರಲ್ಲಿ ತಯಾರಿಕೆ ನಿಂತ ಈ ವಾಹನ ಕೊಲ್ಲಾಪುರ, ಇಚಲಕರಂಜಿ, ಗಡಹಿಂಗ್ಲಜ ಭಾಗದ ಓಣಿಗಳಲ್ಲಿ ಇಂದಿಗೂ ಓಡುತ್ತಿದೆ. ಕಳೆದ ಕಬ್ಬಿನ ಹಂಗಾಮು ಮುಗಿಯುವ ಹೊತ್ತಿಗೆ, ಹಿಂದಿನ ಸೀಟಿನಲ್ಲಿ ಕುಳಿತುಕೊಳ್ಳುವ ನಾಲ್ಕನೆಯ ತರಗತಿಯ ಹುಡುಗಿಯೊಬ್ಬಳು ದಿನವೂ ಶಾಲೆಗೆ ಬಂದೊಡನೆ ನಲ್ಲಿಯ ಬಳಿ ಹೋಗಿ ನಿಲ್ಲತೊಡಗಿದಳು. ಕೇಳಿದರೆ, "ಸರ, ಹಿಂದ ಕುಂತರ ಹೊಟ್ಟಿ ಕಲಕತೈತ್ರಿ. ತೆಗ್ಗ ಬಂದ್ರ ತಲಿ ಮ್ಯಾಲ ಬಡಿತೈತ್ರಿ" ಎಂದಳು.

ಚಾಲಕ ಕಾಕಾನ ತೀರ್ಮಾನ ಒಂದೇ ಮಾತಿನದು: "ಶಾಕಪ್ ಹೋಗ್ಯಾವ್ರಿ." ಒಂದು ಗ್ಯಾರೇಜಿನವರೂ ವಾಹನವನ್ನು ಎತ್ತಿ ನೋಡದೆಯೇ ಅದನ್ನೇ ಹೇಳಿದರು. ಪಾಲಕರಿಂದ ಹಣ ಕೂಡಿಸಿ ಎರಡು ಹೊಸ ಶಾಕ್ ಅಬ್ಸಾರ್ಬರ್ ಹಾಕಿಸಿದೆವು. ಒಂದು ವಾರ ಚೆನ್ನಾಗಿತ್ತು. ಎಂಟನೆಯ ದಿನ ಅದೇ ಧಡಕಿ, ಅದೇ ಓಲಾಟ. ಆಗ ನಮಗೆ ತಿಳಿದುಬಂದದ್ದಿಷ್ಟು: ರೋಗ ಗುರುತಿಸದೆ ಔಷಧ ಕೊಂಡಿದ್ದೆವು. ಮುಂದೆ ನಾವು ಕಲಿತ ಕ್ರಮವನ್ನೇ ಇಲ್ಲಿ ವಿವರಿಸಿದ್ದೇವೆ. ಓಮ್ನಿಯನ್ನು ಉದಾಹರಣೆಯಾಗಿಟ್ಟುಕೊಂಡಿದ್ದರೂ, ಹಿಂಬದಿಯಲ್ಲಿ ಪಾಟಾ ಇರುವ ಹಳೆಯ ಅಂಬಾಸಿಡರ್ ಮೊದಲಾದ ವಾಹನಗಳಿಗೂ ಇದು ಬಹುಮಟ್ಟಿಗೆ ಅನ್ವಯಿಸುತ್ತದೆ.

ಎತ್ತಿನ ಬಂಡಿಯಿಂದ ಪಾಟಾದವರೆಗೆ

ಎತ್ತಿನ ಬಂಡಿಯಲ್ಲಿ ಕುಳಿತವರಿಗೆ ದಾರಿಯ ಪ್ರತಿ ಕಲ್ಲೂ ಬೆನ್ನುಮೂಳೆಗೆ ತಿಳಿಯುತ್ತದೆ. ಏಕೆಂದರೆ ಅಚ್ಚಿಗೂ ಬಂಡಿಯ ಹಲಗೆಗೂ ನಡುವೆ ಬಾಗುವ ವಸ್ತು ಯಾವುದೂ ಇಲ್ಲ. ಟಾಂಗಾದಲ್ಲಿ ಆ ನಡುವೆ ಬಿಲ್ಲಿನಂತೆ ಬಾಗಿದ ಉಕ್ಕಿನ ಪಟ್ಟಿಗಳು ಬಂದವು. ಮರಾಠಿಯಲ್ಲಿಯೂ ನಮ್ಮ ಗಡಿಭಾಗದ ಕನ್ನಡದಲ್ಲಿಯೂ ಇದನ್ನು ಪಾಟಾ ಎನ್ನುತ್ತಾರೆ. ಓಮ್ನಿಯ ಹಿಂಭಾಗದಲ್ಲಿ ಇರುವುದೂ ಇದೇ ವ್ಯವಸ್ಥೆ. ಎರಡು ಹಿಂದಿನ ಚಕ್ರಗಳನ್ನು ಒಂದೇ ಗಟ್ಟಿಯಾದ ಆಕ್ಸಲ್ ಜೋಡಿಸುತ್ತದೆ. ಆ ಆಕ್ಸಲ್‌ನ ಎಡಕ್ಕೊಂದು, ಬಲಕ್ಕೊಂದು ಪಾಟಾ ಇರುತ್ತದೆ.

ಒಂದು ಪಾಟಾದಲ್ಲಿ ಹಲವು ಪಟ್ಟಿಗಳು ಒಂದರ ಮೇಲೊಂದು ಕೂಡಿರುತ್ತವೆ. ಎಲ್ಲಕ್ಕಿಂತ ಉದ್ದನೆಯದು ಮುಖ್ಯ ಪಟ್ಟಿ. ಅದರ ಎರಡೂ ತುದಿಗಳು ಸುರುಳಿಯಾಗಿ ಕಣ್ಣಿನ ಆಕಾರ ಪಡೆದಿರುತ್ತವೆ. ಮುಂದಿನ ಕಣ್ಣು ವಾಹನದ ಚೌಕಟ್ಟಿಗೆ ನೇರವಾಗಿ ಬಿಗಿದಿರುತ್ತದೆ. ಹಿಂದಿನ ಕಣ್ಣು ಶಾಕಲ್ ಎಂಬ ತೂಗಾಡುವ ಕೊಂಡಿಯ ಮೂಲಕ ಕೂಡಿಕೊಂಡಿರುತ್ತದೆ. ಬಾಗಿದ ಪಟ್ಟಿ ನೇರವಾದಾಗ ಅದರ ಉದ್ದ ಹೆಚ್ಚುವುದರಿಂದ, ಆ ಹೆಚ್ಚಳಕ್ಕೆ ಅವಕಾಶ ನೀಡಲು ಈ ಕೊಂಡಿ ಬೇಕು. ಕಣ್ಣುಗಳೊಳಗೆ ರಬ್ಬರಿನ ಬುಶ್ ಇರುತ್ತದೆ. ಪಟ್ಟಿಗಳ ನಡುವೆ ಹಾಯುವ ಸೆಂಟರ್ ಬೋಲ್ಟಿನ ತಲೆ ಆಕ್ಸಲ್‌ನ ಪೀಠದ ರಂಧ್ರದಲ್ಲಿ ಕುಳಿತು, ಆಕ್ಸಲ್ ಹಿಂದೆ ಮುಂದೆ ಸರಿಯದಂತೆ ತಡೆಯುತ್ತದೆ. ಯು ಆಕಾರದ ಎರಡು ಬೋಲ್ಟುಗಳು ಪಾಟಾವನ್ನೂ ಆಕ್ಸಲ್ಲನ್ನೂ ಒಂದಾಗಿ ಬಿಗಿಯುತ್ತವೆ.

ಇಲ್ಲಿ ಒಂದು ವ್ಯತ್ಯಾಸವನ್ನು ಸ್ಪಷ್ಟಪಡಿಸಿಕೊಳ್ಳಬೇಕು. ವಾಹನದ ಭಾರವನ್ನು ಹೊರುವುದು ಪಾಟಾ. ಪಾಟಾದ ಕುಣಿತವನ್ನು ನಿಲ್ಲಿಸುವುದು ಶಾಕ್ ಅಬ್ಸಾರ್ಬರ್. ಹೇರಿದ ಬಲಕ್ಕೆ ಅನುಗುಣವಾಗಿ ಸ್ಪ್ರಿಂಗ್ ಬಾಗುತ್ತದೆ ಎಂಬ ನಿಯಮವನ್ನು 17ನೆಯ ಶತಮಾನದಲ್ಲಿ ರಾಬರ್ಟ್ ಹುಕ್ ನಿರೂಪಿಸಿದ. ಆದರೆ ಬಾಗಿದ ಸ್ಪ್ರಿಂಗ್ ತಾನು ಪಡೆದ ಶಕ್ತಿಯನ್ನು ಹಿಂದಿರುಗಿಸುತ್ತದೆ. ಆದ್ದರಿಂದಲೇ ಅದು ಮತ್ತೆ ಮತ್ತೆ ಕುಣಿಯುತ್ತದೆ. ಶಾಕ್ ಅಬ್ಸಾರ್ಬರಿನೊಳಗೆ ಒಂದು ಪಿಸ್ಟನ್ ಎಣ್ಣೆಯನ್ನು ಸಣ್ಣ ರಂಧ್ರಗಳ ಮೂಲಕ ತಳ್ಳುತ್ತದೆ. ಆ ತಡೆಯಿಂದ ಚಲನೆಯ ಶಕ್ತಿ ಉಷ್ಣವಾಗಿ ಮಾರ್ಪಡುತ್ತದೆ, ಕುಣಿತ ಅಡಗುತ್ತದೆ. ಇದರಿಂದ ಒಂದು ತೀರ್ಮಾನ ಹೊರಡುತ್ತದೆ. ವಾಹನ ನಿಂತಿರುವಾಗಲೇ ಹಿಂಬದಿ ಕುಸಿದು ಕಾಣುತ್ತಿದ್ದರೆ, ದೋಷ ಶಾಕ್ ಅಬ್ಸಾರ್ಬರಿನದಾಗಿರಲಾರದು. ಅದು ಭಾರ ಹೊರುವ ಅಂಗವೇ ಅಲ್ಲ. ನಮ್ಮ ಮೊದಲ ದುರಸ್ತಿ ವಿಫಲವಾದದ್ದು ಈ ಸರಳ ಸಂಗತಿಯನ್ನು ಮರೆತದ್ದರಿಂದ.

ಸದ್ದು ಏನು ಹೇಳುತ್ತದೆ

ಇಚಲಕರಂಜಿಯ ವಿದ್ಯುತ್ ಮಗ್ಗಗಳಲ್ಲಿ ದುಡಿಯುವ ನಮ್ಮ ಪಾಲಕರಿಗೆ ಸದ್ದಿನ ಭಾಷೆಯನ್ನು ಕಲಿಸಬೇಕಾಗಿಲ್ಲ. ಹತ್ತಾರು ಮಗ್ಗಗಳ ಗದ್ದಲದಲ್ಲಿಯೂ ತಮ್ಮ ಮಗ್ಗದ ಲಯ ಕೆಟ್ಟದ್ದನ್ನು ಅವರು ಕಿವಿಯಿಂದಲೇ ಅರಿಯುತ್ತಾರೆ. ವ್ಯಾನಿನ ಸದ್ದನ್ನೂ ಹೀಗೆಯೇ ಆಲಿಸಬಹುದು.

ಸಣ್ಣ ಕಲ್ಲು, ಚಿಕ್ಕ ತಗ್ಗುಗಳ ಮೇಲೆ ಟಕ್ ಟಕ್ ಎಂಬ ಸದ್ದು ಬಂದರೆ, ಸವೆದ ಬುಶ್ ಅಥವಾ ಶಾಕ್ ಅಬ್ಸಾರ್ಬರಿನ ಸಡಿಲ ಹಿಡಿಕೆಯನ್ನು ಶಂಕಿಸಬೇಕು. ದೊಡ್ಡ ತಗ್ಗಿನಲ್ಲಿ ಧಡ್ ಎಂದು ಒಮ್ಮೆಲೇ ಬಡಿದರೆ, ಪಾಟಾ ಬಳಲಿ ಆಕ್ಸಲ್ ಮೇಲಿನ ರಬ್ಬರ್ ಗುದ್ದಕ್ಕೆ ಹೊಡೆಯುತ್ತಿದೆ ಎಂದರ್ಥ. ನಿಂತ ವಾಹನ ಹೊರಡುವಾಗ ಅಥವಾ ಬ್ರೇಕ್ ಒತ್ತಿದಾಗ ಟಣ್ ಎಂದರೆ, ಯು ಬೋಲ್ಟು, ಮುಂದಿನ ಕಣ್ಣಿನ ಬುಶ್, ಇಲ್ಲವೇ ಪ್ರೊಪೆಲ್ಲರ್ ಶಾಫ್ಟಿನ ಜೋಡಣೆ ಸಡಿಲವಾಗಿರಬಹುದು. ರಸ್ತೆಯುಬ್ಬು ದಾಟಿದ ಮೇಲೂ ಹಿಂಬದಿ ಎರಡು ಮೂರು ಸಲ ತೂಗಾಡಿದರೆ ಮಾತ್ರ ಶಾಕ್ ಅಬ್ಸಾರ್ಬರ್ ಮೊದಲ ಆರೋಪಿ.

ಸದ್ದಿಲ್ಲದ ಲಕ್ಷಣಗಳೂ ಇವೆ. ಹಿಂಬದಿ ಕುಸಿದರೆ ಮುಂದಿನ ದೀಪಗಳ ಬೆಳಕು ಮೇಲಕ್ಕೇರಿ ಎದುರಿನವರ ಕಣ್ಣು ಕುಕ್ಕುತ್ತದೆ. ಸ್ಟೀರಿಂಗ್ ಅಸಹಜವಾಗಿ ಹಗುರವೆನಿಸುತ್ತದೆ. ಸೆಂಟರ್ ಬೋಲ್ಟು ಮುರಿದು ಆಕ್ಸಲ್ ಒಂದು ಬದಿಗೆ ಸರಿದಿದ್ದರೆ, ಹಿಂದಿನಿಂದ ನೋಡುವವರಿಗೆ ವಾಹನ ಏಡಿಯಂತೆ ಓರೆಯಾಗಿ ಹೋಗುವುದು ಕಾಣುತ್ತದೆ. ಈ ಕೊನೆಯ ಲಕ್ಷಣ ಕಂಡ ದಿನ ಮಕ್ಕಳನ್ನು ಆ ವಾಹನದಲ್ಲಿ ಕೂರಿಸಬಾರದು.

ಒಂದು ಅಳತೆಪಟ್ಟಿ ಸಾಕು

ಮೊದಲ ಪರೀಕ್ಷೆಗೆ ಉಪಕರಣ ಬೇಕಿಲ್ಲ. ವಾಹನವನ್ನು ಖಾಲಿ ಮಾಡಿ ಸಮತಟ್ಟಾದ ನೆಲದಲ್ಲಿ ನಿಲ್ಲಿಸಬೇಕು. ನಾಲ್ಕೂ ಟಾಯರುಗಳ ಗಾಳಿಯನ್ನು ನಿಗದಿತ ಪ್ರಮಾಣಕ್ಕೆ ತರಬೇಕು. ಬಳಿಕ ಹಿಂದಿನ ಚಕ್ರದ ನಡುಬಿಂದುವಿನಿಂದ ನೇರ ಮೇಲಿನ ಮಡ್‌ಗಾರ್ಡಿನ ಅಂಚಿನವರೆಗೆ ಅಳೆಯಬೇಕು. ನೆಲದಿಂದ ಅಳೆದರೆ ಟಾಯರಿನ ಸವೆತವೂ ಲೆಕ್ಕದಲ್ಲಿ ಸೇರಿಬಿಡುತ್ತದೆ. ಚಕ್ರದ ನಡುವಿನಿಂದ ಅಳೆದರೆ ಸಸ್ಪೆನ್ಶನ್‌ನ ಎತ್ತರವಷ್ಟೇ ಸಿಗುತ್ತದೆ. ಎರಡೂ ಬದಿಗಳಲ್ಲಿ ಮೂರು ಮೂರು ಬಾರಿ ಅಳೆದು ಸರಾಸರಿ ತೆಗೆಯಿರಿ. ಪ್ರತಿ ಅಳತೆಯ ಮೊದಲು ಹಿಂಬದಿಯನ್ನು ಒಮ್ಮೆ ಒತ್ತಿ ಬಿಡುವುದು ಒಳ್ಳೆಯದು.

ನಮ್ಮ ವ್ಯಾನಿನಲ್ಲಿ ಬಲಗಡೆ 32 ಸೆಂಟಿಮೀಟರ್ ಬಂತು, ಎಡಗಡೆ 29.5. ಏಳನೆಯ ತರಗತಿಯ ಮಕ್ಕಳೇ ಅಳೆದು ಹಲಗೆಯ ಮೇಲೆ ಬರೆದರು. ಎರಡೂವರೆ ಸೆಂಟಿಮೀಟರಿನ ಈ ವ್ಯತ್ಯಾಸ ಹೊಸ ಶಾಕ್ ಅಬ್ಸಾರ್ಬರ್ ಹಾಕಿದ ಮೇಲಿನದು ಎಂಬುದನ್ನು ಗಮನಿಸಬೇಕು.

ವಾಲಿದ ವಾಹನದ ದೋಷ ಮುಂದಿನ ಸ್ಪ್ರಿಂಗಿನಲ್ಲಿಯೂ ಇರಬಹುದು. ಅದನ್ನು ಬೇರ್ಪಡಿಸಲು ಮುಂಭಾಗವನ್ನು ಅದರ ನಟ್ಟನಡುವಿನ ಗಟ್ಟಿಯಾದ ಭಾಗದಲ್ಲಿ ಜಾಕ್ ಇಟ್ಟು ತುಸು ಎತ್ತಬೇಕು. ಆಗಲೂ ಹಿಂಬದಿ ವಾಲಿಯೇ ಇದ್ದರೆ ದೋಷ ಹಿಂದೆಯೇ ಇದೆ. ವಾಲಿಕೆ ಮಾಯವಾದರೆ ಮುಂದಿನ ಸ್ಪ್ರಿಂಗನ್ನು ನೋಡಬೇಕು.

ಎರಡನೆಯದು ಒತ್ತಿ ಬಿಡುವ ಪರೀಕ್ಷೆ. ಹಿಂದಿನ ಮೂಲೆಯನ್ನು ಬಲವಾಗಿ ಒತ್ತಿ ಬಿಟ್ಟಾಗ ವಾಹನ ಒಮ್ಮೆ ಮೇಲೆದ್ದು ನೆಲೆ ನಿಲ್ಲಬೇಕು. ಮತ್ತೆ ಮತ್ತೆ ಕುಣಿದರೆ ಶಾಕ್ ಅಬ್ಸಾರ್ಬರ್ ಸವೆದಿದೆ. ಆದರೆ ಪಾಟಾದ ವಾಹನಗಳಲ್ಲಿ ಈ ಪರೀಕ್ಷೆಯನ್ನು ಪೂರ್ಣವಾಗಿ ನಂಬಬಾರದು. ತುಕ್ಕು ಹಿಡಿದ ಪಟ್ಟಿಗಳು ಒಂದಕ್ಕೊಂದು ಉಜ್ಜಿ ಕುಣಿತವನ್ನು ತಾವೇ ತಡೆಯುವುದರಿಂದ, ಸತ್ತ ಶಾಕ್ ಅಬ್ಸಾರ್ಬರೂ ಬದುಕಿರುವಂತೆ ತೋರಬಹುದು. ಸಂಶಯವಿದ್ದರೆ ಅದರ ಕೆಳತುದಿಯನ್ನು ಬಿಚ್ಚಿ ಕೈಯಿಂದ ಎಳೆದು ಒತ್ತಿಸಿ ನೋಡಬೇಕು. ಉದ್ದಕ್ಕೂ ಒಂದೇ ಸಮನಾದ ಬಿಗಿ ಇರಬೇಕು. ನಡುವೆ ಎಲ್ಲಿಯಾದರೂ ತಡೆಯಿಲ್ಲದೆ ಜಾರಿದರೆ ಅದು ಕೆಟ್ಟಿದೆ.

ಮೂರನೆಯದಾಗಿ, ಹಿಂದಿನ ಟಾಯರುಗಳ ಮೇಲೆ ಅಂಗೈ ಸವರಿ ನೋಡಿ. ಸುತ್ತಳತೆಯುದ್ದಕ್ಕೂ ಅಲೆಅಲೆಯಾಗಿ ಉಬ್ಬುತಗ್ಗು ತಾಗಿದರೆ, ಚಕ್ರ ಬಹಳ ದಿನಗಳಿಂದ ನೆಲದ ಮೇಲೆ ಪುಟಿಯುತ್ತಿದೆ ಎಂದು ತಿಳಿಯಬೇಕು. ಪುಟಿಯುವ ಚಕ್ರ ನೆಲವನ್ನು ಸರಿಯಾಗಿ ಹಿಡಿಯದು. ಮಳೆಗಾಲದಲ್ಲಿ ಬ್ರೇಕ್ ಒತ್ತಿದಾಗ ಇದರ ಬೆಲೆ ತಿಳಿಯುತ್ತದೆ.

ಕೆಳಗೆ ಇಣುಕಿದಾಗ

ಒಂದು ಎಚ್ಚರಿಕೆಯನ್ನು ಮೊದಲು ಹೇಳುತ್ತೇವೆ. ಬರಿಯ ಜಾಕಿನ ಮೇಲೆ ನಿಂತ ವಾಹನದ ಕೆಳಗೆ ಯಾರೂ ಹೋಗಬಾರದು. ಮುಂದಿನ ಚಕ್ರಗಳಿಗೆ ಎರಡೂ ಬದಿಯಿಂದ ಮರದ ತುಂಡು ಕೊಟ್ಟು, ಚೌಕಟ್ಟಿನ ಕೆಳಗೆ ಉಕ್ಕಿನ ಸ್ಟ್ಯಾಂಡ್ ಇಟ್ಟ ಮೇಲೆಯೇ ಕೆಲಸ. ಇಟ್ಟಿಗೆ, ಕಲ್ಲುಗಳನ್ನು ಸ್ಟ್ಯಾಂಡಿನ ಬದಲು ಬಳಸಬಾರದು. ಅವು ಒಮ್ಮೆಲೇ ಸಿಡಿದು ಪುಡಿಯಾಗುತ್ತವೆ. ಚಕ್ರಗಳು ನೆಲದ ಮೇಲೆಯೇ ಇರುವಂತೆ ಗುಂಡಿಯ ಮೇಲೆ ವಾಹನವನ್ನು ನಿಲ್ಲಿಸಿ ನೋಡುವ ಸೌಲಭ್ಯ ಗ್ಯಾರೇಜಿನಲ್ಲಿದ್ದರೆ ಅದೇ ಉತ್ತಮ, ಏಕೆಂದರೆ ಭಾರವಿದ್ದಾಗಲೇ ಬಿರುಕುಗಳು ಬಾಯಿ ಬಿಡುತ್ತವೆ.

ಪಟ್ಟಿಗಳನ್ನು ತಂತಿಯ ಬ್ರಶ್ಶಿನಿಂದ ಉಜ್ಜಿ, ಒಂದೊಂದರ ಅಂಚನ್ನೂ ಬೆಳಕು ಹಿಡಿದು ನೋಡಬೇಕು. ಬಿರುಕಿನಲ್ಲಿ ತುಕ್ಕಿನ ತೆಳುವಾದ ಕೆಂಪು ಗೆರೆ ಕಾಣುತ್ತದೆ. ಮುರಿತ ಬಹುಪಾಲು ಸೆಂಟರ್ ಬೋಲ್ಟಿನ ಹತ್ತಿರ ಅಥವಾ ಚಿಕ್ಕ ಪಟ್ಟಿಯ ತುದಿ ಮುಗಿಯುವೆಡೆ ಇರುತ್ತದೆ. ಬೇರೆ ಪಟ್ಟಿಗಳು ಹಿಡಿದುಕೊಂಡಿರುವುದರಿಂದ ಮುರಿದ ಪಟ್ಟಿ ಕೆಳಗೆ ಬೀಳದೆ ಅಲ್ಲಿಯೇ ಅಡಗಿರುತ್ತದೆ. ನಮ್ಮ ವ್ಯಾನಿನ ಎಡ ಪಾಟಾದ ಎರಡನೆಯ ಪಟ್ಟಿ ಹೀಗೆ ನಡುವೆಯೇ ತುಂಡಾಗಿತ್ತು. ತುಂಡಾದ ಮುಖದ ಅರ್ಧ ಭಾಗ ಹಳೆಯ ತುಕ್ಕಿನಿಂದ ಕಪ್ಪಾಗಿತ್ತು, ಉಳಿದರ್ಧ ಹೊಸದಾಗಿ ಹೊಳೆಯುತ್ತಿತ್ತು. ಅಂದರೆ ಬಿರುಕು ಬಹಳ ಕಾಲ ಇತ್ತು. ಕೊನೆಯ ಮುರಿತವಷ್ಟೇ ಇತ್ತೀಚಿನದು. ಶಾಕ್ ಅಬ್ಸಾರ್ಬರ್ ಬದಲಿಸಿದ ದಿನ ಐದು ನಿಮಿಷ ನೋಡಿದ್ದರೆ ಅದು ಸಿಕ್ಕುತ್ತಿತ್ತು.

ಬುಶ್ ಪರೀಕ್ಷೆಗೆ ಕಣ್ಣಿಗೂ ಅದರ ಹಿಡಿಕೆಗೂ ನಡುವೆ ಚಿಕ್ಕ ಹಾರೆ ಹಾಕಿ ಮೆಲ್ಲಗೆ ಮೀಟಬೇಕು. ಒಳ್ಳೆಯ ರಬ್ಬರ್ ತುಸು ಮಣಿದು ಮರಳುತ್ತದೆ. ಕಟಕ್ ಎಂದು ಲೋಹಕ್ಕೆ ಲೋಹ ತಾಗಿದರೆ ಬುಶ್ ಮುಗಿದಿದೆ. ಇನ್ನೊಂದು ಸರಳ ವಿಧಾನವೂ ಇದೆ: ಸಮತಟ್ಟಾದ ನೆಲದಲ್ಲಿ ಚಾಲಕ ಹ್ಯಾಂಡ್ ಬ್ರೇಕ್ ಎಳೆದು ಕುಳಿತಿರಲಿ, ಇಬ್ಬರು ವಾಹನವನ್ನು ಹಿಂದೆ ಮುಂದೆ ಅಲುಗಿಸಲಿ, ಮತ್ತೊಬ್ಬರು ಬದಿಯಿಂದ ಪಾಟಾದ ಕಣ್ಣನ್ನು ನೋಡಲಿ. ಕಣ್ಣಿನೊಳಗೆ ಬೋಲ್ಟು ಓಡಾಡುವುದು ಕಂಡರೆ ಸಂದೇಹ ಉಳಿಯುವುದಿಲ್ಲ.

ಯು ಬೋಲ್ಟುಗಳ ಸುತ್ತ ಹೊಳೆಯುವ ಉಜ್ಜಿದ ಗುರುತು ಇದೆಯೇ, ಮೇಲಿನ ರಬ್ಬರ್ ಗುದ್ದ ಒಡೆದಿದೆಯೇ, ಶಾಕ್ ಅಬ್ಸಾರ್ಬರಿನ ಮೈಮೇಲೆ ಎಣ್ಣೆ ಹರಿದು ಧೂಳು ಮೆತ್ತಿಕೊಂಡಿದೆಯೇ, ಬ್ರೇಕಿನ ರಬ್ಬರ್ ಕೊಳವೆ ಎಲ್ಲಿಯಾದರೂ ಉಜ್ಜುತ್ತಿದೆಯೇ ಎಂಬುದನ್ನೂ ನೋಡಬೇಕು. ಕೆಲವು ವಾಹನಗಳಲ್ಲಿ ಹಿಂದಿನ ಹೊರೆಗೆ ತಕ್ಕಂತೆ ಹಿಂಬದಿ ಬ್ರೇಕಿನ ಒತ್ತಡವನ್ನು ಹೆಚ್ಚು ಕಡಿಮೆ ಮಾಡುವ ಒಂದು ಕವಾಟ ಆಕ್ಸಲ್‌ಗೆ ಕೂಡಿಕೊಂಡಿರುತ್ತದೆ. ಪಾಟಾ ಕುಸಿದರೆ ಖಾಲಿ ವಾಹನವನ್ನೂ ಅದು ತುಂಬಿದ ವಾಹನವೆಂದು ತಿಳಿದು, ಹಿಂದಿನ ಚಕ್ರಗಳು ಬೇಗನೆ ಜಾಮ್ ಆಗುವಂತೆ ಮಾಡುತ್ತದೆ.

ಎಲ್ಲಕ್ಕಿಂತ ಮುಖ್ಯವಾದದ್ದು ಚೌಕಟ್ಟಿನ ಸ್ಥಿತಿ. ಪಾಟಾದ ಹಿಡಿಕೆಗಳು ಕೂಡಿರುವ ತಗಡನ್ನು ಸ್ಕ್ರೂಡ್ರೈವರ್ ತುದಿಯಿಂದ ಚುಚ್ಚಿ ನೋಡಬೇಕು. ನಮ್ಮ ಭಾಗದ ಮಳೆಗಾಲದ ಕೆಸರು ಅಲ್ಲಿ ಸೇರಿಕೊಂಡು ವರ್ಷಗಟ್ಟಲೆ ಕೂರುತ್ತದೆ. ತುದಿ ಒಳಗೆ ಇಳಿದರೆ, ಹೊಸ ಪಾಟಾ ಹಾಕುವುದು ಹಣದ ಅಪವ್ಯಯ. ಮೊದಲು ಚೌಕಟ್ಟು ಸರಿಯಾಗಬೇಕು, ಇಲ್ಲವೇ ವಾಹನವನ್ನು ಕೈಬಿಡಬೇಕು.

ವರ್ಕ್‌ಶಾಪಿನಲ್ಲಿ ಕೇಳಬೇಕಾದದ್ದು

ಪಾಟಾ ಬಿಚ್ಚುವುದು ಮನೆಯಂಗಳದ ಕೆಲಸವಲ್ಲ. ಭಾರದಲ್ಲಿ ಬಾಗಿರುವ ಉಕ್ಕಿನಲ್ಲಿ ದೊಡ್ಡ ಶಕ್ತಿ ಅಡಗಿರುತ್ತದೆ. ಆದರೆ ಕೆಲಸ ಹೇಗೆ ನಡೆಯಬೇಕೆಂಬುದು ಪಾಲಕರಿಗೆ ತಿಳಿದಿದ್ದರೆ ಸರಿಯಾದ ಪ್ರಶ್ನೆ ಕೇಳಬಹುದು. ಮೆಕ್ಯಾನಿಕ್ ಚೌಕಟ್ಟನ್ನು ಸ್ಟ್ಯಾಂಡ್ ಮೇಲೆ ನಿಲ್ಲಿಸಿ, ಆಕ್ಸಲ್ಲಿಗೆ ಪ್ರತ್ಯೇಕ ಜಾಕ್ ಆಸರೆ ಕೊಟ್ಟು, ಪಾಟಾದ ಮೇಲಿನ ಭಾರ ಇಳಿದ ಮೇಲೆಯೇ ಶಾಕ್ ಅಬ್ಸಾರ್ಬರ್, ಯು ಬೋಲ್ಟು, ಶಾಕಲ್‌ಗಳನ್ನು ಬಿಚ್ಚಬೇಕು. ಆಕ್ಸಲ್ ಬ್ರೇಕಿನ ಕೊಳವೆಗೆ ಜೋತುಬೀಳಬಾರದು.

ಒಂದೇ ಬದಿಯ ಪಾಟಾ ಕೆಟ್ಟಿದ್ದರೂ ಎರಡನ್ನೂ ಜೊತೆಯಾಗಿ ನೋಡಬೇಕು. ಹೊಸದೂ ಹಳೆಯದೂ ಸೇರಿದರೆ ಎತ್ತರ ಒಂದಾಗದು. ಯು ಬೋಲ್ಟುಗಳನ್ನು ಮರುಬಳಕೆ ಮಾಡದೆ ಹೊಸವನ್ನೇ ಹಾಕಬೇಕು. ಒಮ್ಮೆ ಬಿಗಿಯಲ್ಲಿ ಹಿಗ್ಗಿದ ಬೋಲ್ಟು ಮತ್ತೆ ಅದೇ ಬಿಗಿಯನ್ನು ಹಿಡಿಯುವ ಭರವಸೆ ಇಲ್ಲ. ನಾಲ್ಕು ನಟ್ಟುಗಳನ್ನು ಮೂಲೆಯಿಂದ ಮೂಲೆಗೆ, ಸ್ವಲ್ಪ ಸ್ವಲ್ಪವಾಗಿ, ತಯಾರಕರು ಹೇಳಿದ ಬಿಗಿಗೆ ಟಾರ್ಕ್ ಪಾನಾದಿಂದಲೇ ಬಿಗಿಯಬೇಕು.

ನಮ್ಮ ವ್ಯಾನಿಗೆ ಎರಡನೆಯ ಬಾರಿ ಕೆಲಸ ಮಾಡಿದ ಹಿರಿಯ ಮಿಸ್ತ್ರಿ ಹೇಳಿಕೊಟ್ಟ ಒಂದು ಸೂಕ್ಷ್ಮವನ್ನು ಇಲ್ಲಿ ಬರೆಯುತ್ತೇವೆ. ರಬ್ಬರ್ ಬುಶ್ಶಿನ ಬೋಲ್ಟುಗಳನ್ನು ವಾಹನ ಮೇಲೆತ್ತಿರುವಾಗ ಕೊನೆಯ ಬಿಗಿ ಬಿಗಿಯಬಾರದು. ಆಗ ಬಿಗಿದರೆ ರಬ್ಬರ್ ಆ ಜೋತುಬಿದ್ದ ಸ್ಥಿತಿಯಲ್ಲೇ ಕಚ್ಚಿಕೊಳ್ಳುತ್ತದೆ. ವಾಹನ ನೆಲಕ್ಕಿಳಿದೊಡನೆ ತಿರುಚಿಕೊಂಡು, ದಿನವಿಡೀ ತಿರುಚಿದ ಸ್ಥಿತಿಯಲ್ಲೇ ದುಡಿದು, ಕೆಲವೇ ತಿಂಗಳಲ್ಲಿ ಹರಿಯುತ್ತದೆ. ಚಕ್ರಗಳು ನೆಲ ಮುಟ್ಟಿ, ವಾಹನ ತನ್ನ ಸಹಜ ಎತ್ತರದಲ್ಲಿ ಕುಳಿತ ಮೇಲೆಯೇ ಕೊನೆಯ ಬಿಗಿ. "ಬುಶ್ ಬೋಲ್ಟು ಕೆಳಗಿಳಿಸಿದ ಮೇಲೆ ಬಿಗಿಯುತ್ತೀರಲ್ಲವೇ?" ಎಂಬ ಒಂದೇ ಪ್ರಶ್ನೆಯಿಂದ ನುರಿತವರು ಯಾರೆಂದು ತಿಳಿಯುತ್ತದೆ.

ಗ್ಯಾರೇಜಿನ ಅಂದಾಜು ಪತ್ರ ನಮ್ಮಲ್ಲಿ ಮರಾಠಿಯಲ್ಲಿರುತ್ತದೆ, ಬಿಡಿಭಾಗದ ಪೆಟ್ಟಿಗೆಯ ಮೇಲೆ ಇಂಗ್ಲಿಷ್ ಇರುತ್ತದೆ. ಓದಲಾಗದೆ ಸಹಿ ಮಾಡುವ ಪಾಲಕರಿದ್ದಾರೆ. ಸಂಕೋಚವಿಲ್ಲದೆ ಅದನ್ನು ಶಾಲೆಗೆ ತನ್ನಿರಿ. ಓದಿ ಹೇಳುವುದು ನಮ್ಮ ಕೆಲಸ. ಬಿಚ್ಚಿದ ಹಳೆಯ ಭಾಗಗಳನ್ನು ಮರಳಿ ಕೇಳಿ ಪಡೆಯಿರಿ. ಕೊಲ್ಲಾಪುರದ ಶಿವಾಜಿ ಉದ್ಯಮನಗರ, ಶಿರೋಳಿ, ಗೋಕುಳ ಶಿರಗಾಂವಗಳಲ್ಲಿ ಎರಕ ಹೊಯ್ಯುವ, ಲೇಥ್ ನಡೆಸುವ ನುರಿತ ಕೈಗಳು ಬೇಕಾದಷ್ಟಿವೆ. ಕಸುಬಿನ ಕೊರತೆ ಈ ಜಿಲ್ಲೆಯಲ್ಲಿ ಇಲ್ಲ. ನಮಗೆ ಕೊರತೆ ಇದ್ದದ್ದು ಕೇಳುವ ತಿಳಿವಳಿಕೆಯದು.

ಮಾಡಬಾರದ ದುರಸ್ತಿಗಳು

ಮುರಿದ ಪಟ್ಟಿಗೆ ವೆಲ್ಡಿಂಗ್ ಮಾಡಿಸಬಾರದು. ಊರ ಕಮ್ಮಾರನು ಕುಡುಗೋಲನ್ನು ಕಾಯಿಸಿ ನೀರಿಗದ್ದಿ ಹದಗೊಳಿಸುವುದನ್ನು ನಾವೆಲ್ಲರೂ ನೋಡಿದ್ದೇವೆ. ಪಾಟಾದ ಉಕ್ಕಿಗೂ ಕಾರ್ಖಾನೆಯಲ್ಲಿ ಅಂಥದೇ ಹದ ಕೊಟ್ಟಿರುತ್ತಾರೆ. ವೆಲ್ಡಿಂಗಿನ ಕಾವು ಆ ಹದವನ್ನು ಕೆಡಿಸುತ್ತದೆ. ಬೆಸುಗೆಯ ಪಕ್ಕದಲ್ಲೇ ಅದು ಮತ್ತೆ ಮುರಿಯುತ್ತದೆ. ಕುಸಿದ ಪಾಟಾವನ್ನು ಕುಲುಮೆಯಲ್ಲಿ ಕಾಯಿಸಿ ಬಡಿದು ಬಾಗಿಸಿ ಕೊಡುವವರೂ ಇದ್ದಾರೆ. ಮತ್ತೆ ಸರಿಯಾದ ಹದ ಕೊಡುವ ವ್ಯವಸ್ಥೆ ಇಲ್ಲದಿದ್ದರೆ ಆ ಬಾಗು ಬಹುಕಾಲ ಉಳಿಯದು. ಮಕ್ಕಳ ವಾಹನಕ್ಕೆ ಹೊಸ ಪಾಟಾವೇ ಯೋಗ್ಯ.

ಕುಸಿದ ಹಿಂಬದಿಯನ್ನು ಎತ್ತಲು ಪಟ್ಟಿಗಳ ನಡುವೆ ರಬ್ಬರ್ ತುಂಡು ತುರುಕುವುದು, ಮನಬಂದಂತೆ ಹೆಚ್ಚುವರಿ ಪಟ್ಟಿ ಸೇರಿಸುವುದು, ಟಾಯರಿಗೆ ಅತಿಯಾಗಿ ಗಾಳಿ ತುಂಬುವುದು ಸಲ್ಲದು. ಹೆಚ್ಚುವರಿ ಪಟ್ಟಿಯಿಂದ ಖಾಲಿ ವಾಹನ ಒರಟಾಗಿ ಪುಟಿಯುತ್ತದೆ, ಮತ್ತು ಪಾಟಾ ಹೊರಬಲ್ಲ ಭಾರವನ್ನು ಬ್ರೇಕು, ಆಕ್ಸಲ್, ಟಾಯರುಗಳು ಹೊರಲಾರವು. ಕಿರುಗುಟ್ಟುವ ಪಾಟಾಕ್ಕೆ ಹಳೆಯ ಎಂಜಿನ್ ಎಣ್ಣೆ ಬಳಿಯುವ ರೂಢಿಯನ್ನೂ ಬಿಡಬೇಕು. ಎಣ್ಣೆ ಬುಶ್ಶಿನ ರಬ್ಬರನ್ನು ಉಬ್ಬಿಸಿ ಕೊಳೆಸುತ್ತದೆ. ಬ್ರೇಕ್ ಡ್ರಮ್ಮಿನೊಳಗೆ ಹೋದರಂತೂ ಅಪಾಯ.

ಹೊರೆಯ ಲೆಕ್ಕ

ಪಟ್ಟಿ ಮುರಿದದ್ದೇಕೆ ಎಂದು ಹಿರಿಯ ಮಿಸ್ತ್ರಿಯನ್ನು ಕೇಳಿದೆವು. ಅವರು ಉತ್ತರಿಸದೆ, "ಎಷ್ಟು ಹುಡುಗರ್ನ ಹತ್ತಸ್ತೀರಿ?" ಎಂದು ನಮ್ಮನ್ನೇ ಕೇಳಿದರು. ಹದಿನಾಲ್ಕು ಎಂದೆವು. ಅವರು ಸುಮ್ಮನಾದರು. ನಾವೂ ಸುಮ್ಮನಾದೆವು.

ಲೆಕ್ಕ ಮಾಡೋಣ. ಒಂದು ಮಗುವಿನ ತೂಕ 28 ಕಿಲೋ ಎಂದಿಟ್ಟುಕೊಳ್ಳಿ. ಶಾಲಾ ಚೀಲ ನೀತಿ 2020ರ ಪ್ರಕಾರ ಚೀಲದ ತೂಕ ಮಗುವಿನ ತೂಕದ ಶೇಕಡಾ 10ನ್ನು ಮೀರಬಾರದು, ಅಂದರೆ 2.8 ಕಿಲೋ. ಹದಿನಾಲ್ಕು ಮಕ್ಕಳಿಗೆ 431 ಕಿಲೋ ಆಗುತ್ತದೆ. ತಲಾ 65 ಕಿಲೋ ತೂಗುವ ಐವರು ದೊಡ್ಡವರ ತೂಕ 325. ಮಕ್ಕಳಲ್ಲವೇ, ಹಗುರ ಎಂಬ ನಮ್ಮ ಭಾವನೆಯನ್ನು ಈ ನೂರಕ್ಕೂ ಮಿಕ್ಕ ಕಿಲೋಗಳು ಸುಳ್ಳು ಮಾಡುತ್ತವೆ. ಅದರ ಮೇಲೆ, ಸ್ಪ್ರಿಂಗಿನ ಮೇಲೆ ಭಾರವನ್ನು ಮೆಲ್ಲಗೆ ಇಳಿಸುವ ಬದಲು ಒಮ್ಮೆಲೇ ಬಿಟ್ಟರೆ, ಆ ಕ್ಷಣದಲ್ಲಿ ಅದು ಎರಡು ಪಟ್ಟು ಬಾಗುತ್ತದೆ ಎಂಬುದು ಭೌತಶಾಸ್ತ್ರದ ಮಾತು. ಕಬ್ಬು ತುಂಬಿದ ಟ್ರಾಲಿಗಳು ಕಿತ್ತುಹಾಕಿದ ರಸ್ತೆಯಲ್ಲಿ ಪ್ರತಿ ತಗ್ಗೂ ಇಂತಹ ಹೊಡೆತವೇ.

ನಾವು ಮೊದಲ ಗ್ಯಾರೇಜನ್ನು ದೂರಿದೆವು, ರಸ್ತೆಯನ್ನು ದೂರಿದೆವು. ಆದರೆ ಪಟಸಂಖ್ಯೆ ಕುಸಿದರೆ ಶಾಲೆಯೇ ಉಳಿಯದೆಂಬ ಭಯದಲ್ಲಿ, ಇನ್ನೊಂದು ಮಗು, ಇನ್ನೊಂದು ಮಗು ಎಂದು ಆ ವ್ಯಾನಿಗೆ ಹತ್ತಿಸಿದವರು ನಾವೇ. ಶಾಲೆಯನ್ನು ಉಳಿಸುವ ಆತುರದಲ್ಲಿ ಶಾಲೆಗೆ ಬರುವ ಮಕ್ಕಳನ್ನೇ ಮುರಿದ ಪಟ್ಟಿಯ ಮೇಲೆ ಕೂರಿಸಿದ್ದೆವು ಎಂಬುದನ್ನು ಒಪ್ಪಿಕೊಳ್ಳದೆ ಈ ಲೇಖನ ಬರೆಯುವ ಅಧಿಕಾರ ನಮಗಿಲ್ಲ.

ಈಗ ವ್ಯಾನು ಎರಡು ಸುತ್ತು ಬರುತ್ತದೆ. ಎರಡನೆಯ ಸುತ್ತಿನ ಮಕ್ಕಳಿಗಾಗಿ ಪ್ರಾರ್ಥನೆಯನ್ನು ಹದಿನೈದು ನಿಮಿಷ ಮುಂದಕ್ಕೆ ಹಾಕಿದ್ದೇವೆ. ಹೆಚ್ಚುವರಿ ಪೆಟ್ರೋಲಿನ ಖರ್ಚನ್ನು ಪಾಲಕರೂ ಶಿಕ್ಷಕರೂ ಹಂಚಿಕೊಂಡಿದ್ದಾರೆ.

ಪಾಲಕರಲ್ಲಿ ನಮ್ಮ ವಿನಂತಿ

ಹೊಸ ಪಾಟಾ ಹಾಕಿಸಿದ ಮೇಲೆ ಕೆಲವು ನೂರು ಕಿಲೋಮೀಟರ್ ಓಡಿದಾಗ ಯು ಬೋಲ್ಟುಗಳ ಬಿಗಿಯನ್ನು ಮತ್ತೊಮ್ಮೆ ಪರೀಕ್ಷಿಸಬೇಕು. ದೀಪಗಳ ಎತ್ತರವನ್ನು ಸರಿಪಡಿಸಬೇಕು. ಆ ದಿನದ ಎತ್ತರದ ಅಳತೆಯನ್ನು ದಿನಾಂಕ ಸಹಿತ ಬರೆದಿಟ್ಟು, ಮಳೆಗಾಲದ ಮುಂಚೆ ಒಮ್ಮೆ, ಕಬ್ಬಿನ ಹಂಗಾಮು ಮುಗಿದ ಮೇಲೆ ಒಮ್ಮೆ ಹೋಲಿಸಬೇಕು. ಮಕ್ಕಳನ್ನು ಬಾಡಿಗೆಗೆ ಒಯ್ಯುವ ವಾಹನಕ್ಕೆ ಸಾರಿಗೆ ಇಲಾಖೆಯ ಪರವಾನಗಿಯೂ ಫಿಟ್‌ನೆಸ್ ಪ್ರಮಾಣಪತ್ರವೂ ಬೇಕು. ಎಂಟು ವರ್ಷ ಮೀರಿದ ಸಾರಿಗೆ ವಾಹನಕ್ಕೆ ಆ ಪ್ರಮಾಣಪತ್ರವನ್ನು ಪ್ರತಿ ವರ್ಷ ನವೀಕರಿಸಬೇಕಾಗುತ್ತದೆ. ಅದನ್ನು ತೋರಿಸಿ ಎಂದು ಕೇಳುವುದು ಚಾಲಕರಿಗೆ ಅವಮಾನ ಮಾಡಿದಂತಲ್ಲ. ನಮ್ಮ ಕಾಕಾ ಈಗ ಅದನ್ನು ಗಾಜಿನ ಹಿಂದೆ ತಾನಾಗಿಯೇ ಅಂಟಿಸಿಕೊಂಡಿದ್ದಾನೆ.

ನಮ್ಮ ವ್ಯಾನಿನ ಎರಡೂ ಬದಿಯ ಅಳತೆ ಈಗ 33 ಸೆಂಟಿಮೀಟರ್. ಏಳನೆಯ ತರಗತಿಯವರು ಪ್ರತಿ ತಿಂಗಳ ಮೊದಲ ಶನಿವಾರ ಅದನ್ನು ಅಳೆದು ಸೂಚನಾ ಫಲಕದಲ್ಲಿ ಬರೆಯುತ್ತಾರೆ. ನಾಲ್ಕನೆಯ ತರಗತಿಯ ಆ ಹುಡುಗಿ ಈಗಲೂ ಹಿಂದಿನ ಸೀಟಿನಲ್ಲಿಯೇ ಕುಳಿತು ಬರುತ್ತಾಳೆ. ವ್ಯಾನಿನಿಂದಿಳಿದು ನೇರವಾಗಿ ತರಗತಿಗೆ ಹೋಗುತ್ತಾಳೆ.